ದೆವ್ವದ ಕೈಗಡಿಯಾರ

ನಿರ್ದೇಶಕನ ಮಾನ ತೆಗೆದದ್ದು ದೆವ್ವದ ಕೈಗಡಿಯಾರ.

ಅವನ ಸಿನಿಮಾಗಳಲ್ಲೆಲ್ಲ ದೆವ್ವದ ವೇಷ ಪಕ್ಕದ ಮನೆಯ ದರ್ಜಿಯದು. ಸಂಬಳ ಕೇಳದ ದೆವ್ವ ಇನ್ನೆಲ್ಲಿ ಸಿಗಬೇಕು? ಅವನೋ, ಬಿಳಿ ಬಟ್ಟೆ ಸುತ್ತಿಕೊಂಡರೂ ಗಡಿಯಾರ ಬಿಚ್ಚುವುದನ್ನು ಮರೆಯುತ್ತಿದ್ದ. ಬಾಡಿಗೆಯ ಕ್ಯಾಮೆರಾ, ಎರಡನೇ ಟೇಕ್ ಎಂಬ ಮಾತೇ ಇಲ್ಲ. ದೆವ್ವ ಕತ್ತು ಹಿಸುಕಲು ಕೈ ಚಾಚಿದಾಗಲೆಲ್ಲ ಜನ ಬಿದ್ದು ಬಿದ್ದು ನಗುತ್ತಿದ್ದರು. ‘ಹೃದ್ರೋಗಿಗಳು ನೋಡಕೂಡದು’ ಎಂದು ಪೋಸ್ಟರಿನಲ್ಲಿ ಅಚ್ಚಾಗಿದ್ದರೂ, ಎದುರುಮನೆಯ ಹೃದ್ರೋಗಿ ಮೇಷ್ಟ್ರು ಒಂದನ್ನೂ ತಪ್ಪಿಸಿದವರಲ್ಲ. ಚೆನ್ನಾಗಿ ನಗಬೇಕೆಂದು ಡಾಕ್ಟರೇ ಹೇಳಿದ್ದರಂತೆ.

ಇವತ್ತು ಹೊಸ ಸಿನಿಮಾದ ಮೊದಲ ಆಟ.

“ಈ ಸಲ ಒಬ್ರಾದ್ರೂ ಹೆದರಿ ಕಿರುಚ್ಲಿ ಕಣೇ. ಅಷ್ಟು ಸಾಕು ನಂಗೆ,” ಎಂದ ನಿರ್ದೇಶಕ ಬೆಳಿಗ್ಗೆ.

“ಮೊದ್ಲು ತಿಂಡಿ ತಿನ್ನಿ,” ಎಂದಳು ಹೆಂಡತಿ. “ಇದೂ ಓಡ್ಲಿಲ್ಲ ಅಂದ್ರೆ ನಮ್ಮಣ್ಣನ ಬಣ್ಣದಂಗಡೀಲಿ ಡಬ್ಬ ಜೋಡಿಸೋದೇ ಗತಿ. ನೆನಪಿರ್ಲಿ.”

ಅವನು ತಟ್ಟೆ ಸರಿಸಿ ಎದ್ದ. ಕೊನೆಯ ದೃಶ್ಯ ತೆಗೆಯುವ ದಿನ ದರ್ಜಿ ಯಾರದೋ ಕೋಟಿನ ಅಳತೆಗೆಂದು ಹೋದವನು ಬಂದಿರಲೇ ಇಲ್ಲ. ಕ್ಯಾಮೆರಾ ಹಿಂತಿರುಗಿಸುವ ಹೊತ್ತಾಗಿತ್ತು. ನಿರ್ದೇಶಕ ಹಣೆ ಚಚ್ಚಿಕೊಂಡು, ದೆವ್ವ ಕೂರಬೇಕಾಗಿದ್ದ ಖಾಲಿ ಕುರ್ಚಿಯನ್ನೇ ಚಿತ್ರೀಕರಿಸಿ ಮುಗಿಸಿದ್ದ.

ಥಿಯೇಟರಿನಲ್ಲಿ ಎಂದಿನ ಪಾಡೇ ಆಯಿತು. ಗಡಿಯಾರ ಕಂಡದ್ದೇ ತಡ, “ಟೈಮೆಷ್ಟಣ್ಣಾ?” ಎಂದು ಯಾರೋ ಕೂಗಿದರು. ಮೇಷ್ಟ್ರು ಹೊಟ್ಟೆ ಹಿಡಿದುಕೊಂಡು ನಕ್ಕರು. ಕೊನೆಯ ಸಾಲಿನಲ್ಲಿ ಹೆಂಡತಿಯ ಪಕ್ಕ ಕೂತಿದ್ದ ನಿರ್ದೇಶಕ ಸೀಟಿನೊಳಗೆ ಕುಗ್ಗಿಹೋದ. ಇಷ್ಟು ವರ್ಷ ಮಣ್ಣು ಹೊತ್ತಿದ್ದೇ ಬಂತು ಎನ್ನಿಸಿತು.

ಆಮೇಲೆ ಕುರ್ಚಿ ಬಂತು.

ಜನ ಗಡಿಯಾರಕ್ಕಾಗಿ ಕಾದರು. ದೆವ್ವ ಬರಲಿಲ್ಲ. ನಗು ತಾನಾಗಿ ಅಡಗಿತು. ಎಲ್ಲಿಂದ ಬರುತ್ತದೋ ಎಂದು ಒಬ್ಬ ತನ್ನ ಬೆನ್ನ ಹಿಂದೆ ತಿರುಗಿ ನೋಡಿದ. ಅಷ್ಟರಲ್ಲಿ ಕುರ್ಚಿ ಸಣ್ಣಗೆ ಅಲುಗಿತು. ಅದರ ಒಂದು ಕಾಲು ಮೊದಲಿನಿಂದಲೂ ಕುಂಟು.

ಮೇಷ್ಟ್ರು ಕಿಟಾರನೆ ಕಿರುಚಿದರು. ಥಿಯೇಟರಿಗೆ ಥಿಯೇಟರೇ ಕಿರುಚಿತು. ಹೆಂಡತಿ ಅವನ ಕೈಯನ್ನು ಗಟ್ಟಿಯಾಗಿ ಹಿಡಿದಳು. ಅವನ ಕಣ್ಣು ತುಂಬಿಬಂತು.

ಹೊರಗೆ ಜನ ಸರಸರನೆ ಮನೆಯ ದಾರಿ ಹಿಡಿದರು. ದರ್ಜಿ ಮಾತ್ರ ಎದೆಯುಬ್ಬಿಸಿ ನಿಂತಿದ್ದ. “ನೋಡಿದ್ರಾ ಗುರುವೇ, ನಾನಿಲ್ದೇನೇ ಅಷ್ಟು ಹೆದರಿದ್ರು! ಇದ್ದಿದ್ರೆ?”

ಥಿಯೇಟರಿನ ಮಾಲೀಕ ಕೆಂಡವಾಗಿ ಬಂದ. “ಏನ್ರೀ ಇದು? ಜನ ನಿಮ್ ಪಿಕ್ಚರ್‌ಗೆ ಬರೋದೇ ನಗೋಕೆ! ಮೇಷ್ಟ್ರನ್ನ ಆಸ್ಪತ್ರೆಗೆ ಹೊತ್ಕೊಂಡು ಹೋದ್ರು. ಆ ಕುರ್ಚಿ ಸೀನ್ ಕಿತ್ತಾಕಿ, ದರ್ಜೀನ ಕೂರ್ಸಿ. ಇಲ್ಲಾಂದ್ರೆ ನಾಳೆಯಿಂದ ಆಟ ಬಂದ್.”

ನಿರ್ದೇಶಕ ಹೆಂಡತಿಯತ್ತ ನೋಡಿದ. ಅವಳು ಇನ್ನೂ ಅವನ ಕೈ ಬಿಟ್ಟಿರಲಿಲ್ಲ. ಭಾವನ ಅಂಗಡಿಯ ಡಬ್ಬಗಳು ಕಣ್ಣ ಮುಂದೆ ಬಂದವು.

“ಸಂಜೆ ಬಂದ್ಬಿಡಪ್ಪಾ,” ಎಂದ ದರ್ಜಿಗೆ. ಎರಡು ಹೆಜ್ಜೆ ಹೋದವನು ನಿಂತು, ತಿರುಗದೆಯೇ ಹೇಳಿದ:

“ವಾಚ್ ಕಟ್ಕೊಳ್ಳೋದು ಮರೀಬೇಡ.”