ಅಪ್ಪನ ಗಾಡಿಯ ಸಪ್ಪನ ಚಹಾ

ಸರ್ಕಾರ ಕೊಡುವುದು ನೌಕರಿ ಮಾತ್ರ. ಅದರ ಬೆನ್ನಿಗೆ ಬರುವ ಫಜೀತಿಗಳನ್ನು ಜನ ಕೊಡುತ್ತಾರೆ, ಅದೂ ದಿನಕ್ಕೊಂದರಂತೆ. ನಮ್ಮಪ್ಪ ಇಳಕಲ್-ಬಾದಾಮಿ ಬಸ್ಸಿನ ಕಂಡಕ್ಟರ್. ಡ್ಯೂಟಿಯಲ್ಲಿದ್ದಾಗಲೇ ಎದೆನೋವು ಬಂದು ಹೋಗಿಬಿಟ್ಟ. ಅನುಕಂಪದ ಆಧಾರದ ಮೇಲೆ ಆ ನೌಕರಿ ನನಗೆ ಸಿಕ್ಕಿತು, ಗಾಡಿಯೂ ಅದೇ. ಆದರೆ ಅವ್ವ ಮಾತ್ರ ಅಂದಿನಿಂದ ಬಸ್ಸನ್ನೇ ಹತ್ತಲಿಲ್ಲ. “ಆ ಬಾಗಲದಾಗ ಅವ್ರಿಲ್ಲದ್ದು ನೋಡಾಕ ಆಗಂಗಿಲ್ಲವಾ” ಅನ್ನುತ್ತಿದ್ದಳು. ಒಮ್ಮೆಯಾದರೂ ಅವಳು ನನ್ನ ಗಾಡಿ ಹತ್ತಬೇಕು ಎಂಬುದೊಂದೇ ನನ್ನ ಆಸೆಯಾಗಿತ್ತು.

೧. ಸಕ್ಕರೆ

ಮೊದಲ ದಿನ ಹುನಗುಂದ ಬಸ್‌ಸ್ಟ್ಯಾಂಡಿನಲ್ಲಿ ಚಹಾದಂಗಡಿಯ ಚಾಚಾ ತಾನಾಗಿಯೇ ಕಪ್ಪು ತಂದು ಕೊಟ್ಟ. ಒಂದು ಗುಟುಕು ಕುಡಿದೆ, ಬರೀ ಸಪ್ಪಗೆ.

“ಚಾಚಾ, ಸಕ್ರಿ ಮರ್ತೀರಿ.”

“ಮರ್ತಿಲ್ಲ ಬೇಟಿ. ಈ ಗಾಡಿ ಕಂಡಕ್ಟರ್ ಚಾಕ್ಕ ಸಕ್ರಿ ಹಾಕಂಗಿಲ್ಲ. ಭಾಳ ವರ್ಷದ ಪದ್ಧತಿ.”

“ಸಕ್ರಿ ಕಾಯಿಲೆ ನಮ್ಮಪ್ಪಗಿತ್ರಿ, ನನಗಿಲ್ಲ.”

ಚಾಚಾ ನನ್ನನ್ನು ಮೇಲಿಂದ ಕೆಳಗೆ ನೋಡಿ, “ನೌಕರಿ ಬಂದೈತಿ, ಅದೂ ಬರ್ತೈತಿ. ಈಗಿಂದಽ ರೂಢಿ ಮಾಡ್ಕೋ” ಅಂದ.

೨. ಕುರಿಮರಿ

ಐಹೊಳೆ ಕಡೆಯ ಕುರಿಗಾರ ಮುತ್ಯಾ ಒಬ್ಬ ಅಮೀನಗಡದಲ್ಲಿ ಹತ್ತಿದ. ಹಣೆ ತುಂಬ ಬೀರಪ್ಪನ ಭಂಡಾರ, ತೊಡೆಯ ಮೇಲೆ ಒಂದು ಕುರಿಮರಿ. ಮರಿಗೂ ಟಿಕೆಟ್ ಆಗುತ್ತದೆ ಅಂದೆ.

“ತೊಡಿಮ್ಯಾಲೆ ಕುಂತಿದ್ದಕ್ಕ ಎಂಥಾ ಟಿಕೆಟವಾ? ನಿಮ್ಮಪ್ಪ ಕೇಳ್ತಿದ್ದಿಲ್ಲ.”

ನನಗೆ ನಗು ಬಂತು. ಹೆಣ್ಣುಮಕ್ಕಳಿಗೆ ಬಸ್ಸು ಫ್ರೀ ಆಗುವ ಮುಂಚೆ ಸ್ವಂತ ಹೆಂಡತಿಗೇ ಟಿಕೆಟ್ ಹರಿದು ಕೊಟ್ಟ ಮನುಷ್ಯ ನಮ್ಮಪ್ಪ. “ಮುತ್ಯಾ, ಬೀರಪ್ಪನ ಮ್ಯಾಲೆ ಆಣಿ ಮಾಡಿ ಹೇಳು” ಅಂದೆ.

ಮುತ್ಯಾ ರುಮಾಲಿನ ಗಂಟು ಬಿಚ್ಚಿ ರೊಕ್ಕ ತೆಗೆಯುತ್ತ ಪಕ್ಕದವನಿಗೆ ಹೇಳಿದ: “ಎಂಥಾ ಮನಶ್ಯಾನೋ ಏನೋ. ಸತ್ರೂ ಬಿಡ್ಲಿಲ್ಲ ನೋಡು.”

ಆ ದಿನವೆಲ್ಲ ನಾನು ಎದೆಯುಬ್ಬಿಸಿಕೊಂಡೇ ತಿರುಗಾಡಿದೆ.

೩. ಕನ್ಯೆ ನೋಡಲು

ಬಾದಾಮಿಯಿಂದ ಒಬ್ಬ ಹುಡುಗ ತನ್ನ ಅಪ್ಪನ ಜೊತೆ ನನ್ನನ್ನು ನೋಡಲು ಬಂದ. ಅವ್ವ ಚುರುಮುರಿ ಸೂಸಲ ಮಾಡಿ ಕೊಟ್ಟಳು. ಹುಡುಗನ ಅಪ್ಪ ನನ್ನ ಮುಖ ನೋಡಿದ್ದು ಕಡಿಮೆ, ನೌಕರಿಯ ಬಗ್ಗೆ ಕೇಳಿದ್ದೇ ಹೆಚ್ಚು. ಪರ್ಮನೆಂಟ್ ಹೌದೋ ಅಲ್ಲವೋ, ಪ್ರಮೋಷನ್ ಇದೆಯೋ ಇಲ್ಲವೋ. ಕೊನೆಗೆ ಗಂಟಲು ಸರಿ ಮಾಡಿಕೊಂಡು, “ತಪ್ಪ ತಿಳಕೋಬ್ಯಾಡ್ರಿ. ನಾಳೆ ಹುಡುಗಿಗೆ ಏನರ ಹೆಚ್ಚುಕಮ್ಮಿ ಆತಂದ್ರ, ಈ ನೌಕರಿ ನಮ್ಮ ಹುಡುಗಗ ಬರ್ತೈತೇನ್ರಿ?” ಅಂದ.

ಅವ್ವ ಎದ್ದು ಅವನ ಕೈಯೊಳಗಿನ ಪ್ಲೇಟು ಇಸಿದುಕೊಂಡಳು.

“ನಿಮ್ಮ ಹುಡುಗಗ ಅನುಕಂಪದ ನೌಕರಿ ಬೇಕಂದ್ರ ನೀವಽ ಒಂದು ನೌಕರಿ ಹಿಡೀರಿ. ಮುಂದಿಂದು ದೇವ್ರು ನೋಡ್ಕೋತಾನ.”

೪. ಅವ್ವ ಹತ್ತಿದಳು

ಅವರು ಹೋದ ಮೇಲೆ ಯೂನಿಫಾರ್ಮ್ ಹಾಕಿಕೊಂಡು ಮಧ್ಯಾಹ್ನದ ಡ್ಯೂಟಿಗೆ ಹೋದರೆ, ಅಪ್ಪ-ಮಗ ನನ್ನ ಬಸ್ಸಿನಲ್ಲೇ ಕೂತಿದ್ದಾರೆ. ಬಾದಾಮಿಗೆ ಆ ಹೊತ್ತಿಗೆ ಬೇರೆ ಗಾಡಿ ಇಲ್ಲ. ನಾನು ಸೀಟಿ ಹೊಡೆಯಬೇಕು, ಅಷ್ಟರಲ್ಲಿ ಇಳಕಲ್ ಸೀರೆಯ ಸೆರಗು ಸಿಕ್ಕಿಸಿಕೊಂಡು ಅವ್ವ ಓಡಿ ಬಂದು ಹತ್ತಿದಳು. ಟಿಕೆಟ್ ಮಷಿನ್ ಹಿಡಿದುಕೊಂಡೇ ಅವಳ ಹತ್ತಿರ ಓಡಿದೆ.

“ಎಲ್ಲಿಗೆ ಬೇ?”

“ಎಲ್ಲಿಗೂ ಇಲ್ಲ. ಇವ್ರು ಟಿಕೆಟ್ ತಗೋತಾರೋ, ಬೀಗರಂತ ಹೇಳಿ ಹಂಗಽ ಹೋಗ್ತಾರೋ, ನೋಡಾಕ ಬಂದೀನಿ.”

ಹುಡುಗನ ಅಪ್ಪ ತಲೆಯೆತ್ತದೆ ರೊಕ್ಕ ಮುಂದೆ ಚಾಚಿದ. ಅವ್ವನಿಗೂ ಆಧಾರ್ ನೋಡಿಯೇ ಫ್ರೀ ಟಿಕೆಟ್ ಕೊಟ್ಟೆ. ಅವಳು ಆ ಟಿಕೆಟನ್ನು ಅಕ್ಕಪಕ್ಕದವರಿಗೆಲ್ಲ ತೋರಿಸಿ, “ನನ್ನ ಮಗಳು ಕೊಟ್ಟದ್ದು” ಅಂದಳು.

ಹುನಗುಂದದಲ್ಲಿ ಚಾಚಾ ಚಹಾ ತಂದ. ಅವ್ವ ಅದನ್ನು ಕಸಿದುಕೊಂಡು ಕುಡಿದು ಮುಖ ಕಿವುಚಿದಳು. ಚಾಚಾ ತನ್ನ ಪದ್ಧತಿ ವಿವರಿಸಿದ. ಅವ್ವ ಒಂದು ಗಳಿಗೆ ಬಸ್ಸಿನ ಬಾಗಿಲನ್ನೇ ನೋಡುತ್ತ ಕೂತಳು.

“ಅದು ಅವ್ರ ಗಾಡಿ ಇದ್ದಾಗಿನ ಮಾತು. ಈಗ ಇದು ನನ್ನ ಮಗಳ ಗಾಡಿ. ಸಕ್ರಿ ಹಾಕು ಚಾಚಾ, ಕೈ ಬಿಗಿ ಹಿಡೀಬ್ಯಾಡ.”

ಅಂದಿನಿಂದ ನನ್ನ ಚಹಾ ಪಾಯಸ. ಸ್ವಲ್ಪ ಕಡಿಮೆ ಹಾಕಿ ಅಂತ ಬೇಡಿಕೊಂಡರೆ ಚಾಚಾ ಕೇಳುವುದಿಲ್ಲ.

“ನಿಮ್ಮವ್ವನ ಹುಕುಂ, ಬೇಟಿ. ನಾ ಹ್ವಾದ್ರೂ ನನ್ನ ಮಗಾ ಹಿಂಗಽ ಹಾಕ್ತಾನ. ನಮ್ಮ ಅಂಗಡ್ಯಾಗೂ ಅನುಕಂಪ ಐತಿ.”