ಐನೋ ಹಿಡಿದ ಬೆಂಚು

ಲಾಂಡ್ರಿ ರೂಮಿನಲ್ಲಿ ಚೆಲುವರಾಜು ನಿಜ ಹೇಳಿದ್ದೇ ತಪ್ಪಾಯಿತು. "ಮೂರು ತಿಂಗಳಿಂದ ಬೆಂಚ್ ಮೇಲಿದೀನಿ" ಎಂದುಬಿಟ್ಟ. ಕೇಳಿಸಿಕೊಂಡವಳು ಫಿನ್ಲೆಂಡಿನಿಂದ ಅಮೆರಿಕದ ಸಮರ್‌ಸೆಟ್‌ಗೆ ಬಂದಿಳಿದಿದ್ದ ಸಾಕ್ಷ್ಯಚಿತ್ರ ನಿರ್ದೇಶಕಿ ಐನೋ. ಪಾರ್ಕಿನ ಬೆಂಚುಗಳ ಮೇಲೆ ಕೂರುವ ಜನರೇ ಅವಳ ಹೊಸ ಚಿತ್ರದ ವಸ್ತು.

"ನಾಳೆ ಶೂಟ್ ಮಾಡ್ಲಾ?" ಎಂದಳು.

ಕೀಬೋರ್ಡು ಮುಟ್ಟಿದವರಿಗೆಲ್ಲ ಕೆಲಸ ಸಿಗುತ್ತಿದ್ದ ೧೯೯೯ರ ಕಾಲವದು. ಆದರೂ ಕರೆತಂದ ಕನ್ಸಲ್ಟೆನ್ಸಿ ಇವನಿಗೆ ಪ್ರಾಜೆಕ್ಟ್ ಕೊಡದೆ ಕೂರಿಸಿತ್ತು. ಅವರ ಭಾಷೆಯಲ್ಲಿ ಅದಕ್ಕೇ ಬೆಂಚು ಅನ್ನುವುದು. ಶುಕ್ರವಾರದೊಳಗೆ ಪ್ರಾಜೆಕ್ಟ್ ಸಿಗದಿದ್ದರೆ ಮೈಸೂರಿಗೆ ವಾಪಸು. ಸಿನಿಮಾ ನೋಡಿಯಾದರೂ ಯಾರಾದರೂ ಕರೆದಾರು ಎಂದು ಒಪ್ಪಿಕೊಂಡ.

ಗುರುವಾರ ಸೂಟು ತೊಟ್ಟು ಹೋದರೆ ಐನೋ ಅವನನ್ನು ಪಾರ್ಕಿನಲ್ಲಿ ಕೂರಿಸಿದಳು.

"ನನ್ನ ಜಾವಾ ಬಗ್ಗೆ ಏನೂ ಕೇಳಲ್ವಾ?"

ಅವನು ಹೇಳಿದ್ದು ತಾನು ಕಲಿತ ಕಂಪ್ಯೂಟರ್ ಭಾಷೆಯ ಬಗ್ಗೆ; ಆದರೆ ಅಮೆರಿಕದಲ್ಲಿ ಕಾಫಿಗೂ ಜಾವಾ ಅನ್ನುತ್ತಾರೆ. "ಆಮೇಲೆ ಕುಡಿಯೋಣ, ಈಗ ಸುಮ್ನೆ ಕೂತಿರಿ" ಎಂದಳು.

"ಯಾವ ಕಂಪನಿ ನಿಮ್ದು?"

"ಯಾವುದೂ ಇಲ್ಲ. ಇಪ್ಪತ್ತೆರಡು ವರ್ಷದಿಂದ ಒಬ್ಬಳೇ."

"ಇಪ್ಪತ್ತೆರಡು ವರ್ಷ ಬೆಂಚಾ!"

ಅವನಿಗೆ ಭಕ್ತಿಯೇ ಹುಟ್ಟಿತು. ಹೆಪ್ಪುಗಟ್ಟಿದ ಕೆರೆಯಲ್ಲಿ ಮೀನು ಹಿಡಿಯುವ ಮುದುಕನ ಚಿತ್ರಕ್ಕಾಗಿ ಮೂರು ಚಳಿಗಾಲ ಅವನ ಪಕ್ಕದಲ್ಲೇ ನಿಂತಿದ್ದಳಂತೆ. ಟೀವಿಯವರು ಅರ್ಧಕ್ಕೆ ಕತ್ತರಿಸಿ ಎಂದಾಗ ರೀಲಿನ ಡಬ್ಬಗಳನ್ನು ಎತ್ತಿಕೊಂಡು ಊರೂರಿನ ಶಾಲೆಗಳಲ್ಲಿ ಪೂರ್ತಿ ತೋರಿಸಿದಳಂತೆ. ಕ್ಯಾಮೆರಾ, ಸೌಂಡು, ಡ್ರೈವಿಂಗು ಎಲ್ಲ ಅವಳದೇ. ಈಗಲೂ ಚಳಿಗೆ ಬೆರಳು ನೀಲಿಗಟ್ಟಿದರೂ ಕದಲದೆ ನಿಂತಿದ್ದಳು. ಮೂರೇ ತಿಂಗಳಿಗೆ ಅತ್ತೆನಲ್ಲ ಎಂದು ಚೆಲುವರಾಜುವಿಗೆ ನಾಚಿಕೆಯಾಯಿತು.

ಪಕ್ಕದ ಮನೆಯ ನಳಿನಾಕ್ಷಿ ಆಂಟಿ ಉಪ್ಪಿಟ್ಟು ಹಿಡಿದು ಬಂದರು. "ಸೈಡ್ ಪೋಸ್ ಒಂದು ತೆಗೀರಮ್ಮಾ, ಹೆಣ್ಣಿನ ಕಡೆಯವರಿಗೂ ಕಳಿಸ್ಬೋದು" ಎಂದು ಐನೋಗೇ ಪಾಠ ಮಾಡಿದರು.

ಅಷ್ಟರಲ್ಲಿ ರೂಮ್‌ಮೇಟ್ ಜಯರಾಮು ಏದುಸಿರು ಬಿಡುತ್ತಾ ಓಡಿ ಬಂದ.

"ಗುರುವೇ, ಕ್ಲೈಂಟ್ ಫೋನ್ ಬಂದಿತ್ತು! ನೀನಿರ್ಲಿಲ್ಲ, ನಾನೇ ಚೆಲುವರಾಜು ಅಂತ ಇಂಟರ್‌ವ್ಯೂ ಕೊಟ್ಬಿಟ್ಟೆ. ಎಲ್ಲಾ ಪ್ರಶ್ನೆಗೂ ಉತ್ತರ! ಅವರಿಗೆ ಭಾಳ ಖುಷಿ!"

ಚೆಲುವರಾಜು ಅವನನ್ನು ಎತ್ತಿಕೊಂಡು ಕುಣಿದ.

"ಕೊನೇಲಿ, ನಾಳೆನೇ ಬರಬೇಕು, ಫ್ರೀ ಇದೀರಾ ಅಂದ್ರು. ನಿನ್ನ ಮಾನ ಬಿಟ್ಕೊಡ್ತೀನಾ? ಛೆ, ನಾನ್ಯಾಕೆ ಬೆಂಚ್ ಮೇಲಿರ್ಲಿ, ಆರು ತಿಂಗಳು ಪುರುಸೊತ್ತೇ ಇಲ್ಲ ಅಂದೆ."

"ಆಮೇಲೆ?"

"ಸಾರಿ ಅಂತ ಫೋನ್ ಇಟ್ರು."

ಚೆಲುವರಾಜು ಬೆಂಚಿನ ಮೇಲೆ ಕುಸಿದ. ಐನೋ ಉಸಿರು ಬಿಗಿಹಿಡಿದು ಆ ಮುಖವನ್ನು ಪೂರ್ತಿ ಚಿತ್ರಿಸಿಕೊಂಡಳು.

"ಇಪ್ಪತ್ತೆರಡು ವರ್ಷದಲ್ಲಿ ಇಷ್ಟು ಚೆನ್ನಾಗಿ ಯಾರೂ ಕೂತಿರ್ಲಿಲ್ಲ!" ಎಂದಳು ಕಣ್ಣೊರೆಸಿಕೊಂಡು. "ನಾಳೆನೂ ಫ್ರೀ ಇದೀರಾ?"

ಜಯರಾಮು ಬಾಯಿ ತೆರೆದ. ಚೆಲುವರಾಜು ಅದನ್ನು ಎರಡೂ ಕೈಯಲ್ಲಿ ಅದುಮಿ ಹಿಡಿದು ಕೂಗಿದ:

"ಫ್ರೀ! ಪೂರ್ತಿ ಫ್ರೀ!"