ತಿಂಗಳಣಬೆಯ ಬದಲಿ ಡ್ಯೂಟಿ

ಕಥೆ ಹೇಳಿ ಮಕ್ಕಳಿಗೆ ಊಟ ಮಾಡಿಸಬೇಕೆಂದು ಮೊದಲು ಹೇಳಿದ ಪುಣ್ಯಾತ್ಮ ಯಾರೋ ನನಗೆ ತಿಳಿಯದು. ಅವನಿಗೆ ಮಕ್ಕಳಿರಲಿಲ್ಲ ಎಂಬುದು ಮಾತ್ರ ಖಂಡಿತ. ಇದ್ದಿದ್ದರೆ, ಕಥೆ ಕಟ್ಟುವುದು ಸುಲಭ, ಅದರಿಂದ ಬಿಡಿಸಿಕೊಳ್ಳುವುದು ಕಷ್ಟ ಎಂಬ ಮಾತನ್ನೂ ಸೇರಿಸಿಯೇ ಹೇಳುತ್ತಿದ್ದ. ಆಗ ನಾವು ಭದ್ರಾವತಿಯ ಜನ್ನಾಪುರದಲ್ಲಿ ಬಾಡಿಗೆಗಿದ್ದೆವು. ಕಾರ್ಖಾನೆಯೊಂದರಲ್ಲಿ ನಾನು ಗುಮಾಸ್ತ. ಐದು ವರ್ಷದ ಮಗಳು ನಳಿನಿ ಊಟವೆಂದರೆ ಬಾಯಿಗೆ ಬೀಗ ಹಾಕಿಕೊಳ್ಳುತ್ತಿದ್ದಳು. ಮಗು ಸೊರಗಿ ಸೊರಗಿ ಕೈಬಳೆ ಮೊಣಕೈವರೆಗೆ ಜಾರುತ್ತಿತ್ತು. ನನ್ನ ಹೆಂಡತಿ ಸರೋಜ ಒಂದು ಸಂಜೆ ತಟ್ಟೆಯನ್ನು ನನ್ನ ಮುಂದೆ ಕುಕ್ಕಿ, "ನಂಗಂತೂ ಸಾಕಾಯ್ತು. ನೀವೇ ತಿನ್ಸಿ, ನೋಡ್ತೀನಿ" ಎಂದಳು.

ಮರ್ಯಾದೆಯ ಪ್ರಶ್ನೆ. ನಾನು ಕೂತಲ್ಲೇ ಬೆಳ್ಳಿನಾಡು ಎಂಬ ದೇಶವನ್ನು ಹುಟ್ಟಿಸಿದೆ. ಅಲ್ಲಿ ಸೂರ್ಯನೇ ಇಲ್ಲ. ಅಲ್ಲಿ ಬೆಳೆಯುವುದು ತಿಂಗಳಣಬೆ. ಅದಕ್ಕೆ ಮಣ್ಣು ಬೇಡ, ನೀರು ಬೇಡ, ಬೆಳದಿಂಗಳೇ ಅನ್ನ. ಹುಣ್ಣಿಮೆಯ ದಿನ ತಿಂದು ತಿಂದು ಛತ್ರಿಯಷ್ಟಾಗುತ್ತದೆ, ಅದರ ಕೆಳಗೆ ರಾಜ ಒಡ್ಡೋಲಗ ನಡೆಸುತ್ತಾನೆ. ಅಣಬೆ ಒಂದು ತುತ್ತು ನುಂಗಿದರೆ ಬೆಳ್ಳಿನಾಡಿನ ಮಕ್ಕಳೂ ಒಂದು ತುತ್ತು ನುಂಗಬೇಕು, ಅದು ಅಲ್ಲಿನ ಕಾನೂನು. ನಳಿನಿ ತಟ್ಟೆ ಖಾಲಿ ಮಾಡಿದಳು. ನಾನು ಸರೋಜಳ ಕಡೆ ನೋಡಿ ಮೀಸೆ ತಿರುವಿದೆ. ಮೀಸೆ ತಿರುವುವುದರಲ್ಲಿ ನಾನು ಯಾವಾಗಲೂ ಸ್ವಲ್ಪ ಮುಂದೆಯೇ.

ಮಾರನೆಯ ದಿನ ಬಚ್ಚಲೊಲೆಯ ಸೌದೆ ರಾಶಿಯಲ್ಲಿದ್ದ ಒಂದು ಮಾವಿನ ಕೊರಡಿನ ಮೇಲೆ ನಾಲ್ಕು ಬಿಳಿ ಅಣಬೆಗಳು ಎದ್ದವು. ಹಾಳಾದವು, ಬೇರೆಲ್ಲೂ ಜಾಗ ಸಿಗಲಿಲ್ಲವೆ? ನಳಿನಿ ಕಿರುಚಿಕೊಂಡು ಬಂದಳು. ಅಂದಿನಿಂದ ದಿನಾ ಸಂಜೆ ಆ ಕೊರಡನ್ನು ಹೊತ್ತು ಅಂಗಳಕ್ಕೆ ತರುವುದು ನನ್ನ ಪಾಲಿಗೆ ಬಂತು. ಅಣಬೆಯ ಊಟವಾಗದೆ ಅವಳು ಉಣ್ಣುವ ಹಾಗಿಲ್ಲ. ಕೊರಡೋ ಹೆಣಭಾರ. ನನ್ನ ಸೊಂಟದ ಸಂಗತಿ ಯಾರಿಗೂ ಬೇಡ.

ಹುಣ್ಣಿಮೆ ಕಳೆದು ಕತ್ತಲ ಪಕ್ಷ ಬಂತು. ಸಂಜೆಗೆ ಚಂದ್ರನಿಲ್ಲ, ಅಣಬೆಗೆ ಉಪವಾಸ, ಹಾಗಾಗಿ ನಳಿನಿಗೂ ಉಪವಾಸ. ಉಣಿಸಲು ಹೇಳಿದ ಕಥೆಯೇ ಮಗುವನ್ನು ಹಸಿದು ಕೂರಿಸಿತ್ತು. ಕಬ್ಬಿಣದ ಕಾರ್ಖಾನೆಯ ಕುಲುಮೆಯ ಬೆಂಕಿಗೆ ಊರ ಆಕಾಶ ಕೆಂಪಾಗಿತ್ತು. ಅದನ್ನೇ ತೋರಿಸಿ, "ಅಗೋ, ಅಣಬೆ ಅದನ್ನ ತಿನ್ನುತ್ತೆ" ಎಂದೆ.

"ಅದು ಕೆಂಪಗಿದೆ. ಖಾರ" ಎಂದಳು.

ಕೊನೆಗೆ ಲಾಟೀನು ಹಚ್ಚಿ ತಂದೆ. "ಚಂದ್ರ ರಜೆ ಹಾಕಿದಾನೆ ಪುಟ್ಟಿ. ಲಾಟೀನು ಬದಲಿ ಡ್ಯೂಟಿಗೆ ಬಂದಿದೆ" ಎಂದೆ. ಅವಳು ಉಂಡಳು. ಆದರೆ ಅವಳು ಕಾರ್ಖಾನೆ ಊರಿನ ಮಗಳು. ರಿಲೀವರ್, ಅಂದರೆ ಮುಂದಿನ ಪಾಳಿಯವನು, ಬಾರದೆ ಈ ಪಾಳಿಯವನು ಜಾಗ ಬಿಡಬಾರದೆಂಬ ನಿಯಮ ಅವಳಿಗೆ ಅಕ್ಷರಕ್ಕಿಂತ ಮೊದಲೇ ಬಂದಿತ್ತು. "ಅಪ್ಪ, ಚಂದ್ರ ಬರೋವರ್ಗೂ ನೀನು ಬಿಟ್ಟು ಬರ್ಬಾರ್ದು ಅಲ್ವಾ?" ಎಂದಳು. ಅವಳು ನಿದ್ದೆ ಹೋಗುವವರೆಗೆ ನಾನು ಸೌದೆಗೆ ಲಾಟೀನು ಹಿಡಿದು ನಿಲ್ಲಬೇಕಾಯಿತು. ಚಂದ್ರ ಕಾಣದ ಪ್ರತಿ ಸಂಜೆಯೂ ಇದೇ ಗತಿ.

ಪಕ್ಕದ ಮನೆಯ ಲಾರಿ ಡ್ರೈವರ್ ದಾವೂದ್ ಸಾಬರು ಬೇಲಿಯ ಆಚೆಯಿಂದ ನೋಡಿದರು. "ಏನ್ ಸ್ವಾಮಿ, ಸೌದೆಗೆ ಆರತಿನಾ?" ವಿಷಯ ಹೇಳಿದೆ. ನಗುತ್ತಾರೆಂದುಕೊಂಡರೆ ಗಂಭೀರವಾಗಿ ತಲೆ ಆಡಿಸಿ, "ಮಗು ಊಟ ಮಾಡ್ತದಲ್ಲ, ನಿಂತ್ಕೊಳ್ಳಿ ಮಾರಾಯ್ರೆ. ನಾಳೆ ಕೈ ನೋವಾದ್ರೆ ನಾನು ರಿಲೀವ್ ಮಾಡ್ತೀನಿ" ಎಂದರು. ಈ ಊರಿನಲ್ಲಿ ನನ್ನ ಕಡೆ ಒಬ್ಬರಾದರೂ ಇರಬಾರದೆ?

ಹೀಗೆ ಬೇಯುತ್ತಿರುವಾಗ ಕಚೇರಿ ಕೆಲಸದ ಮೇಲೆ ಶಿವಮೊಗ್ಗಕ್ಕೆ ಹೋಗಬೇಕಾಯಿತು. ಹಿಂತಿರುಗುವ ರೈಲು ತಡವಾಯಿತು. ಆಕಾಶದ ತುಂಬ ಮೋಡ. ಅಣಬೆಯ ಗತಿಯೇನು ಎಂದು ದಾರಿಯುದ್ದಕ್ಕೂ ಚಡಪಡಿಸಿದೆ, ಹಾಗೆ ಚಡಪಡಿಸಿದ್ದಕ್ಕೆ ನನ್ನನ್ನೇ ಬೈದುಕೊಂಡೆ. ಮನೆಗೆ ಬಂದರೆ ಹಂಡೆಯ ತುಂಬ ಹಬೆಯಾಡುವ ನೀರು. ಮೈಕೈ ನೋವೆಲ್ಲ ಇಳಿಯುವಂತೆ ಸ್ನಾನ ಮಾಡಿ ತಟ್ಟೆಯ ಮುಂದೆ ಕೂತು, "ನೀರು ಬಹಳ ಚೆನ್ನಾಗಿ ಕಾದಿತ್ತು ಕಣೆ" ಎಂದೆ.

"ಆ ಮಾವಿನ ಕೊರಡು ಹಾಕಿದ್ದೆ" ಎಂದಳು ಸರೋಜ.

ಎತ್ತಿದ ತುತ್ತು ಕೈಯಲ್ಲೇ ಉಳಿಯಿತು. ನಳಿನಿ ಅತ್ತು ಅತ್ತು ಮಲಗಿರಬೇಕೆಂದು ನೋಡಿದರೆ ಅವಳು ಎದುರಿಗೇ ಕೂತಿದ್ದಳು. "ಅಣಬೆ ಒಣಗಿ ಉದುರಿಹೋಯ್ತಪ್ಪ. ಕೊರಡನ್ನ ಒಲೆಗೆ ಹಾಕು ಅಂತ ನಾನೇ ಅಮ್ಮಂಗೆ ಹೇಳ್ದೆ. ನನ್ನ ಊಟ ಆಯ್ತು" ಎಂದಳು. ನನಗೆ ಸಂತೋಷವಾಗಬೇಕಿತ್ತು. ಹೊರುವ ಕೊರಡಿಲ್ಲ, ಹಿಡಿಯುವ ಲಾಟೀನಿಲ್ಲ. ಆದರೆ ಕೈಯಲ್ಲಿದ್ದ ತುತ್ತನ್ನು ತಟ್ಟೆಗೇ ಹಾಕಿದೆ. ಬೆಳ್ಳಿನಾಡಿನ ರಾಜ ಇನ್ನು ಯಾವುದರ ಕೆಳಗೆ ಕೂರುತ್ತಾನೆ? ತಟ್ಟೆ ಸರಿಸಿ ಏಳಲು ಹೊರಟೆ.

ನಳಿನಿ ಹತ್ತಿರ ಸರಿದು ತಟ್ಟೆಯಲ್ಲಿ ಕೈಯಿಟ್ಟು ತುತ್ತು ಕಲಸಿದಳು. "ಅಳಬಾರ್ದು. ಬೆಳ್ಳಿನಾಡಲ್ಲಿ ಒಂದು ಮರಿ ಅಣಬೆ ಇತ್ತಂತೆ..."

"ಆಮೇಲೆ?" ಎಂದೆ.

"ಮೊದ್ಲು ಬಾಯಿ ತೆಗಿ."

ತೆಗೆದೆ.